ಶನಿವಾರದ ಶಕ್ಕಿ ಟೀಚರ್

ನಿನ್ನೆ ನಮ್ಮ ಓಣಿಯ ಹಿಟ್ಟಿನ ಗಿರಣಿಯಲ್ಲಿ ನನ್ನ ಮುಂದೆ ಪಾಳಿಗೆ ನಿಂತಿದ್ದ ಹುಡುಗಿಯೊಬ್ಬಳು ಕೈಗೆ ಮೆತ್ತಿದ ಜೋಳದ ಹಿಟ್ಟನ್ನು ಝಾಡಿಸಲು ಎರಡೂ ಅಂಗೈ ತಟ್ಟಿದಳು. ಫಟ್ ಎಂಬ ಸದ್ದು, ಮುಖದ ಮುಂದೆ ಬೆಳ್ಳನೆಯ ಹೊಗೆ. ನಾನು ಸೀನಿದೆ. ಸೀನಿ ಮುಗಿಯುವಷ್ಟರಲ್ಲಿ ಬೀದರಿನ ಅಂಚಿನ ನೌಬಾದದ ಹಳೆಯ ಗೋದಾಮು, ಅಡ್ಡ ಕಟ್ಟಿದ ಕಬ್ಬಿಣದ ಪೈಪು, ಅದರ ಕೆಳಗೆ ಹೀಗೇ ಕೈ ತಟ್ಟುತ್ತ ನಿಂತ ಗುಲ್ನಾರ್ ಬಾಯಿ ಎಲ್ಲ ಕಣ್ಣ ಮುಂದೆ ಬಂದು ನಿಂತವು. ಅಷ್ಟರಲ್ಲಿ ಗಿರಣಿಯವನು ನನ್ನ ಡಬ್ಬಿ ತುಂಬಿ ಕೊಟ್ಟ. ಮರುದಿನ ಭಾಲ್ಕಿಗೆ ಹೋಗುವುದಿತ್ತು, ರೊಟ್ಟಿಗೆ ಹಿಟ್ಟು ಬೇಕಿತ್ತು. ನಾನು ಅಲ್ಲೇ ಡಬ್ಬಿಯಲ್ಲಿ ಬೆರಳು ಅದ್ದಿ, ಇದು ನನ್ನ ಜೋಳದ್ದೇ ಹಿಟ್ಟೋ ಇನ್ನೊಬ್ಬರದೋ ಎಂದು ನಾಲಿಗೆಗೆ ಹಚ್ಚಿ ನೋಡಿದೆ.

"ಎಷ್ಟ್ ವರ್ಷ ಆತ್ರಿ ಟೀಚರ್, ಇನ್ನಾ ನಿಮ್ ಶಕ್ ಹೋಗಿಲ್ಲ ನೋಡ್ರಿ" ಎಂದು ಅವನು ನಕ್ಕ.

ಹೋಗುವುದಿಲ್ಲ. ಸಂಶಯ ನನ್ನ ಹುಟ್ಟುಗುಣ, ಹುಟ್ಟುಗುಣ ಸುಟ್ಟರೂ ಹೋಗದು ಅನ್ನುತ್ತಾರಲ್ಲ. ಹಾಲಿನವನು ಎದುರಿಗಿದ್ದಾಗಲೇ ಹಾಲಿಗೆ ಬೆರಳು ಹಾಕುವವಳು ನಾನು. ಮದುವೆಯ ಕಾರ್ಡು ಬಂದರೆ ವಾರ ಮತ್ತು ತಾರೀಖು ಕೂಡುತ್ತವೆಯೇ ಎಂದು ಕ್ಯಾಲೆಂಡರ್ ನೋಡುವವಳು. ನಮ್ಮ ಮನೆಯವರಂತೂ "ಯಮಧರ್ಮ ಬಂದ್ರೂ ನೀ ಮೊದಲ ಅವನ ಗುರುತಿನ ಚೀಟಿ ಕೇಳ್ತಿ" ಎಂದು ಹೇಳುತ್ತಲೇ ಹೋದರು. ಪಾಪ, ಅವನು ಅವರನ್ನು ಒಯ್ಯಲು ಬಂದಾಗ ಕೇಳುವುದಕ್ಕೆ ನನಗೆ ಪುರುಸೊತ್ತೇ ಸಿಗಲಿಲ್ಲ.

ನಾನು ಆಗ ಔರಾದ ತಾಲ್ಲೂಕಿನ ಎಕಂಬಾ ಸಾಲೆಯಲ್ಲಿ ಟೀಚರು. ಮುಖ್ಯೋಪಾಧ್ಯಾಯರ ಹುದ್ದೆ ಖಾಲಿ ಇದ್ದುದರಿಂದ ಸಹಿ ಮತ್ತು ಮೊಹರು ನನ್ನ ಕೈಯಲ್ಲಿದ್ದವು. ಮಳೆ ಕೈಕೊಟ್ಟ ವರ್ಷಗಳು ಅವು. ದೀಪಾವಳಿ ಮುಗಿದದ್ದೇ ಜನ ಗಂಟು ಕಟ್ಟಿ ಹೈದರಾಬಾದು, ಪುಣೆ ಎಂದು ಕಟ್ಟಡದ ಕೆಲಸಕ್ಕೆ ಹೊರಟುಬಿಡುತ್ತಿದ್ದರು. ಮಕ್ಕಳೂ ಅವರ ಹಿಂದೆ. ಹಾಜರಿ ಕರೆಯುವಾಗ ನನ್ನ ದನಿ ನನಗೇ ತಿರುಗಿ ಕೇಳಿಸುತ್ತಿತ್ತು. ಉಳಿದವರಲ್ಲಿ ಒಬ್ಬಳು ಐದನೆಯ ಇಯತ್ತೆಯ ಮಾಳಮ್ಮ. ಕುರಿ ಕಾಯುವವರ ಮಗಳು. ಗಿಡ, ಗೋಡೆ, ಬಸ್ಸಿನ ಏಣಿ, ಯಾವುದಕ್ಕಾದರೂ ಜೋತು ಬೀಳುವ ಪೋರಿ.

ಒಂದು ದಿನ ನಾನು ಔರಾದಿಗೆ ಮೀಟಿಂಗಿಗೆ ಹೋಗಿದ್ದೆ. ಮರುದಿನ ಬಂದು ನೋಡಿದರೆ ಖಡುವಿನ ಡಬ್ಬಿ ಖಾಲಿ. ಸೀಮೆಸುಣ್ಣಕ್ಕೆ ನಮ್ಮ ಕಡೆ ಖಡು ಅನ್ನುತ್ತಾರೆ. ಹಿಂದಿನ ವಾರವಷ್ಟೇ ತಂದದ್ದು! ಮಾಳಮ್ಮನ ಲಂಗದ ತುಂಬ ಬಿಳಿ ಪುಡಿ ಇತ್ತು. ಕರೆದು ನಿಲ್ಲಿಸಿದೆ.

"ಖಡು ಎಲ್ಲಿ ಹೋದ್ವು?"

"ಕುಟ್ಟಿ ಪುಡಿ ಮಾಡೀವ್ರಿ ಟೀಚರ್. ರಶ್ಯಾ ಬಾಯಿ ಕೈಗಿ ಹಚ್ಕೋರಿ ಅಂದ್ರು."

"ಯಾವ ರಶ್ಯಾ ಬಾಯಿ?"

"ನಿನ್ನಿ ಬಸ್ಸಿಗಿ ಬಂದಿದ್ರಲ್ರಿ. ಹಾಳಿ ಇದ್ದಂಗ ಬೆಳ್ಳಗ ಅದಾರ."

"ಪುಡಿ ಹಚ್ಚಿದ ಮ್ಯಾಲ ಏನಂದ್ರು?"

"ಬಿಡು, ಬಿಡು ಅಂತ ಒಂದೇ ಸಮ ಅಂದ್ರಿ. ನಂಗ ಅಂಜಕಿ ಬಂತು. ನಾ ಬಿಡಲಿಲ್ಲ. ನೌಬಾದಕ ಬಾ, ಅಲ್ಲಿ ಬಿಡ್ತಿ ಅಂದ್ರು."

ಆ ವರ್ಷಗಳಲ್ಲಿ ನಮ್ಮ ಊರುಗಳಲ್ಲಿ ಬಿಡು ಎಂಬ ಮಾತಿಗೆ ಎರಡೇ ಅರ್ಥ. ಒಂದು ಊರು ಬಿಡು, ಇನ್ನೊಂದು ಸಾಲಿ ಬಿಡು. ಯಾರೋ ಪರದೇಶದ ಹೆಂಗಸು ನಾನಿಲ್ಲದ ದಿನ ನೋಡಿ ಬರುತ್ತಾಳೆ, ಮಕ್ಕಳ ಕೈಗೆ ಬಿಳಿ ಪುಡಿ ಹಚ್ಚುತ್ತಾಳೆ, ಬಿಡು ಬಿಡು ಎಂದು ಬೆನ್ನು ಹತ್ತುತ್ತಾಳೆ ಅಂದರೆ ನೀವಾದರೂ ಏನು ತಿಳಿಯುತ್ತಿದ್ದಿರಿ, ಹೇಳಿ.

ಮುಂದಿನ ವಾರ ಆಕೆಯೇ ಬಂದಳು. ಜೊತೆಗೆ ಭಾಲ್ಕಿಯ ಶಾಂತಾಬಾಯಿ. ಈ ಶಾಂತಾಬಾಯಿ ಒಂದು ಸರ್ಕಸ್ಸಿನಲ್ಲಿ ಅಡಿಗೆ ಮಾಡಿಕೊಂಡಿದ್ದವಳು. ಆ ಬೆಳ್ಳನೆಯ ಹೆಂಗಸು ಅದೇ ಸರ್ಕಸ್ಸಿನಲ್ಲಿ ಹಗ್ಗಕ್ಕೆ ಜೋತು ಆಡುತ್ತಿದ್ದವಳು. ಸರ್ಕಸ್ಸು ಮುಚ್ಚಿದಾಗ ಶಾಂತಾಬಾಯಿ ಅವಳನ್ನು ಕೈಹಿಡಿದು ಬೀದರಿಗೆ ಕರೆತಂದಿದ್ದಳು. ಹೆಸರು ಗಲೀನಾ. ಬೀದರಿನವರ ಬಾಯಲ್ಲಿ ಅದು ಎರಡೇ ದಿನಕ್ಕೆ ಗುಲ್ನಾರ್ ಆಗಿತ್ತು. ನೌಬಾದದಲ್ಲಿ ಒಂದು ಗೋದಾಮು ಹಿಡಿದು, ನಾಲ್ಕು ಜನರ ಹತ್ತಿರ ಸಹಾಯ ಎತ್ತಿ, ಗುಳೆ ಹೋಗುವವರ ಹೆಣ್ಣುಮಕ್ಕಳನ್ನು ಇಟ್ಟುಕೊಂಡು ಸಾಲೆಗೂ ಕಳಿಸುತ್ತೇನೆ, ಜಿಮ್ನಾಸ್ಟಿಕ್ಸೂ ಕಲಿಸುತ್ತೇನೆ ಎಂಬುದು ಅವಳ ಮಾತು. ಮಾಳಮ್ಮನ ಟೀಸಿ ಬೇಕು.

"ನಿಮ್ಮ ದೇಶ ಯಾವುದು?" ಎಂದೆ.

"ಸೋವಿಯತ್. ಈಗ ಇಲ್ಲ."

ದೇಶ ಇಲ್ಲ! ಗೋಡೆಯ ಮೇಲೆ ನಮ್ಮ ಸಾಲೆಯ ಹಳೆಯ ನಕಾಶೆ ತೂಗುತ್ತಿತ್ತು. ಅದರಲ್ಲಿ ಆ ದೇಶ ಅರ್ಧ ಗೋಡೆ ಹಿಡಿದು ಮಲಗಿತ್ತು. ಪತ್ರಿಕೆಯಲ್ಲಿ ಓದಿದ್ದೆ, ಗೊತ್ತಿಲ್ಲವೆಂದಲ್ಲ. ಆದರೂ ಊರು ಕೇಳಿದರೆ ಅದೇ ಇಲ್ಲ ಅನ್ನುವವಳನ್ನು ನಂಬುವುದು ಹೇಗೆ? ಗುರುತಿಗೆಂದು ಒಂದು ಫೋಟೋ ತೋರಿಸಿದಳು. ಮಿಂಚುವ ಬಟ್ಟೆಯಲ್ಲಿ, ಒಂದು ಬಳೆಯಂಥ ಚಕ್ರಕ್ಕೆ ಕಾಲು ಸಿಕ್ಕಿಸಿ ತಲೆಕೆಳಗಾಗಿ ನಗುತ್ತಿದ್ದಳು. ಫೋಟೋ ತಿರುಗಿಸಿ ನೋಡಿದೆ, ಮುಖ ಅವಳದೇ. ಅಷ್ಟೊತ್ತಿಗೆ ಪಕ್ಕದ ಊರು ಚಿಂತಾಕಿಯಿಂದ ಇನ್ನೊಂದು ಸುದ್ದಿ ನನ್ನ ಕಿವಿಗೆ ಬಿದ್ದಾಗಿತ್ತು: ಸರ್ಕಸ್ಸಿನವರು ಮಕ್ಕಳ ಸಣ್ಣ ಎಲುಬು ತೆಗೆಸಿಬಿಡುತ್ತಾರೆ, ಅದಕ್ಕೇ ಮೈ ಹಾಗೆ ಬಾಗುತ್ತದೆ ಎಂದು. ನಾನು ನಂಬಲಿಲ್ಲ. ಪೂರ್ತಿ ಸುಳ್ಳು ಎಂದೂ ತಿಳಿಯಲಿಲ್ಲ.

ಮಾಳಮ್ಮನ ತಾಯಿ ಲಚಮವ್ವ ಹೊರಗೆ ಬೇವಿನ ಗಿಡದ ಕೆಳಗೆ ಕೂತಿದ್ದಳು. ಅರ್ಧ ಕುರಿ ಆಗಲೇ ಮಾರಿದ್ದರು. ಎರಡು ದಿನದಲ್ಲಿ ಲಾರಿ ಬರುವುದಿತ್ತು.

"ನಮಗೇನ್ ತಿಳಿತದ್ರಿ ಟೀಚರ್. ನೀವು ಹ್ಞೂಂ ಅಂದ್ರ ಪೋರಿಗಿ ಈ ಬಾಯಿ ಬಲ್ಲಿ ಬಿಟ್ ಹೋಗ್ತೇವಿ. ಬ್ಯಾಡ ಅಂದ್ರ ಸಂಗಟ ಕರ್ಕೊಂಡ್ ಹೋಗ್ತೇವಿ."

ನಾನು ಹ್ಞೂಂ ಅನ್ನಲಿಲ್ಲ, ಬೇಡ ಅಂತಲೂ ಅನ್ನಲಿಲ್ಲ. ಸ್ವಲ್ಪ ತಡೀರಿ, ವಿಚಾರ ಮಾಡೋಣ ಎಂದೆ. ಸರಕಾರಿ ನೌಕರಿಯಲ್ಲಿ ಕಲಿತ ಮಾತು ಅದು. ಲಾರಿ ತಡೆಯಲಿಲ್ಲ. ಮೂರನೆಯ ದಿನ ಹಾಜರಿಯಲ್ಲಿ ಮಾಳಮ್ಮನ ಹೆಸರಿನ ಮುಂದೆ ಗೈರು ಬರೆದು, ಟೀಸಿ ಪುಸ್ತಕವನ್ನು ಕಪಾಟಿನಲ್ಲಿಟ್ಟು ಕೀಲಿ ಹಾಕಿದೆ. ಒಂದು ಕೂಸನ್ನು ಉಳಿಸಿದೆ ಎಂದು ಆ ದಿನ ಸಮಾಧಾನದಿಂದ ಉಂಡೆ. ಅದನ್ನು ನೆನೆದರೆ ಈಗಲೂ ನಾಚಿಕೆಯಾಗುತ್ತದೆ.

ಎರಡು ತಿಂಗಳಾದ ಮೇಲೆ ಒಂದು ಶನಿವಾರ ಮುಂಜಾನೆಯ ಸಾಲೆ ಮುಗಿಸಿ ಬೀದರಿಗೆ ಬರುವ ಬಸ್ಸಿನಲ್ಲಿದ್ದಾಗ, ಕಳ್ಳಿಯನ್ನು ಕೈಯಾರೆ ಹಿಡಿಯೋಣ ಎಂದು ನೌಬಾದದಲ್ಲೇ ಇಳಿದುಬಿಟ್ಟೆ. ಗೋದಾಮಿನ ಬಾಗಿಲು ತೆರೆದೇ ಇತ್ತು. ಕೆಳಗೆ ಉಸುಕು, ಮೇಲೆ ಪೈಪು, ಪೈಪಿಗೆ ಒಂದು ಹುಡುಗಿ ಜೋತು ಬಿದ್ದು ಜೋಕಾಲಿಯಾಡುತ್ತಿದ್ದಳು. ಗುಲ್ನಾರ್ ಬಾಯಿ ಕೈ ತಟ್ಟಿ ಕೂಗಿದಳು: "ಬಿಡು!"

ಹುಡುಗಿ ಪೈಪು ಬಿಟ್ಟಳು.

"ಅಯ್ಯೋ ಯವ್ವಾ, ಸತ್ತಿತು ಕೂಸು!" ಎಂದು ನಾನು ಕಿರುಚಿದೆ. ಕೂಸು ಗಾಳಿಯಲ್ಲಿ ಒಂದು ಸುತ್ತು ತಿರುಗಿ, ಉಸುಕಿನಲ್ಲಿ ಎರಡೂ ಕಾಲೂರಿ ನಿಂತು, ನನ್ನನ್ನೇ ನೋಡಿ ನಕ್ಕಿತು. ನಾನು ಅಲ್ಲೇ ಬಾಗಿಲಲ್ಲಿ ಕೂತೆ. ಬಿಡು ಅಂದರೆ ಪೈಪು ಬಿಡು; ಸಾಲೆಯಲ್ಲಿ ಮಾಳಮ್ಮನಿಗೆ ಅಂದದ್ದು ಬೇವಿನ ಟೊಂಗೆ ಬಿಡು ಎಂದು. ಶಾಂತಾಬಾಯಿ ಕಲಿಸಿದ್ದ ಹತ್ತು ಹದಿನೈದು ಕನ್ನಡ ಮಾತುಗಳಲ್ಲಿ ಅದೊಂದು, ಅಷ್ಟೇ. ಬಿಳಿ ಪುಡಿ ಕೈ ಜಾರದಿರಲಿ ಎಂದು. ಅವಳ ದೇಶದಲ್ಲಿ ಅದಕ್ಕೆ ಬೇರೆಯದೇ ಪುಡಿ ಉಂಟಂತೆ. ಎಕಂಬಾದಲ್ಲಿ ಎಲ್ಲಿಂದ ತರಬೇಕು, ನನ್ನ ಖಡು ಕುಟ್ಟಿಸಿದ್ದಳು.

ಮರುದಿನವೇ ಮಾಳಮ್ಮನನ್ನು ಕರೆತರಲು ನಾನು, ಗುಲ್ನಾರ್ ಬಾಯಿ, ಶಾಂತಾಬಾಯಿ ಮೂವರೂ ಹೈದರಾಬಾದಿಗೆ ಹೋದೆವು. ಎಕಂಬಾದವರು ವರ್ಷವೂ ಇಳಿಯುವ ಜಾಗ ಊರಿಗೆಲ್ಲ ಗೊತ್ತಿತ್ತು. ಅರ್ಧ ಎದ್ದ ಕಟ್ಟಡದ ಮುಂದೆ ಮಾಳಮ್ಮ ಉಸುಕಿನ ಬುಟ್ಟಿ ಹೊತ್ತು ಬರುತ್ತಿದ್ದಳು. ನನ್ನನ್ನು ನೋಡಿದ್ದೇ ಬುಟ್ಟಿ ಇಳಿಸಿ ಎರಡೂ ಕೈ ಬೆನ್ನ ಹಿಂದೆ ಮುಚ್ಚಿಕೊಂಡಳು.

"ಖಡು ಅಲ್ರಿ ಟೀಚರ್" ಎಂದಳು. "ಖರೇನ ಅಲ್ರಿ. ಇದು ಸಿಮೆಂಟ್ ಅದ."

ಕೈ ಎಳೆದು ನೋಡಿದೆ. ಅಂಗೈ ಬಿರಿದಿತ್ತು, ಬಿರುಕಿನಲ್ಲಿ ಬೂದಿಯಂಥ ಪುಡಿ ಕೂತಿತ್ತು. ನನಗೆ ಅಳು ತಡೆಯಲಾಗಲಿಲ್ಲ. ಲಚಮವ್ವನ ಮುಂದೆ, ಗುತ್ತೇದಾರನ ಮುಂದೆ, ಎಲ್ಲರ ಮುಂದೆ ಅತ್ತೆ. ನನ್ನ ಶಕ್ಕಿನಿಂದ ಆದದ್ದು ಇದು ಎಂದೆ.

ತಿರುಗಿ ಬರುವ ಬಸ್ಸಿನಲ್ಲಿ ಮಾಳಮ್ಮ ಶಾಂತಾಬಾಯಿಯ ತೊಡೆಯ ಮೇಲೆ ಮಲಗಿದ್ದಳು. ಗುಲ್ನಾರ್ ಬಾಯಿ ತನಗಿದ್ದಷ್ಟು ಕನ್ನಡ ಕೂಡಿಸಿ ಹೇಳಿದಳು: "ನಾನು ಏಳು ವರ್ಷ. ಸಾಲಿಗಿ ಇಬ್ರು ಬಂದ್ರು, ನೋಡಿದ್ರು, ಒಯ್ದ್ರು. ಟೀಚರ್ ಸಹಿ ಮಾಡಿದ್ರು. ಏನೂ ಕೇಳಿಲ್ಲ. ಅವ್ವ ಅಳ್ತಾಳ, ಟೀಚರ್ ನಗ್ತಾರ." ಆಮೇಲೆ ನನ್ನ ಮೊಣಕೈ ಹಿಡಿದಳು. "ನಿಮ್ದು ಶಕ್ ಅಚ್ಛಾ. ಶನಿವಾರ ಬರ್ರಿ. ಶಕ್ ಮಾಡ್ರಿ."

ಕಳ್ಳ ತಾನಾಗಿ ಕಾವಲುಗಾರನನ್ನು ಕರೆದರೆ ಇದರಲ್ಲಿ ಏನೋ ಇದೆ ಎಂದೇ ನನಗೆ ಅನ್ನಿಸಿದ್ದು. ನಾನೆಂಥವಳು ಎಂದು ಆಗಲೇ ಹೇಳಿದೆನಲ್ಲ. ಅದಕ್ಕೇ ಪ್ರತಿ ಶನಿವಾರ ಹೋದೆ. ನೀರಿನ ಡ್ರಮ್ಮಿನಲ್ಲಿ ಇಣುಕಿದೆ, ಹಾಸಿಗೆ ಝಾಡಿಸಿದೆ, ನೌಬಾದದ ಸಾಲೆಗೆ ಹೋಗಿ ಮಕ್ಕಳ ಹಾಜರಿ ನೋಡಿದೆ. ಮಾಳಮ್ಮನನ್ನು ಮುದ್ದು ಮಾಡುವ ನೆಪದಲ್ಲಿ ಅವಳ ಮೊಣಕೈ, ಬೆನ್ನು ಒತ್ತಿ ಎಲುಬು ಇದ್ದಲ್ಲೇ ಇವೆಯೋ ಎಂದೂ ನೋಡಿದೆ. ಇದ್ದವು. ನಾನು ಬಸ್ಸಿಳಿಯುವುದನ್ನು ಕಂಡರೆ ಮಕ್ಕಳು "ಶಕ್ಕಿ ಟೀಚರ್ ಬಂದ್ರು" ಎಂದು ಒಳಗೆ ಓಡಿ ಸುದ್ದಿ ಮುಟ್ಟಿಸುತ್ತಿದ್ದರು. ಎರಡು ವರ್ಷ ಹುಡುಕಿದರೂ ನನಗೆ ಒಂದು ತಪ್ಪು ಸಿಗಲಿಲ್ಲ. ಸ್ವಲ್ಪ ಬೇಸರವೇ ಆಗುತ್ತಿತ್ತು.

ಮೂರನೆಯ ಬೇಸಿಗೆಯಲ್ಲಿ ಸಿಕ್ಕಿತು. ಬೆಂಗಳೂರಿನಲ್ಲಿ ಸ್ಪರ್ಧೆ ಇತ್ತು, ಮಾಳಮ್ಮ ಆಡುವವಳಿದ್ದಳು. ಆ ಶನಿವಾರ ಅವಳ ಗಲ್ಲ ಎರಡೂ ಒಳಗೆ ಹೋಗಿದ್ದವು.

"ಉಂಡಿ?" ಎಂದೆ.

ಒಂದು ಗಳಿಗೆ ಬಿಟ್ಟು, ಗುಲ್ನಾರ್ ಬಾಯಿಯ ಕಡೆ ನೋಡಿ, "ಉಂಡೇನ್ರಿ" ಎಂದಳು.

ಆ ಗಳಿಗೆ ನನಗೆ ಸಾಕಾಯಿತು. ಸೀದಾ ಅಡಿಗೆಮನೆಗೆ ಹೋದೆ. ಶಾಂತಾಬಾಯಿ ತಾಟು ತಿಕ್ಕುತ್ತ, ತಲೆ ಎತ್ತದೆ ಹೇಳಿದಳು: "ನಾ ಹೇಳಿದ್ ಅನಬ್ಯಾಡ್ರಿ. ಮಾಳಮ್ಮಗ ದಿನಕ್ಕ ಒಂದೇ ರೊಟ್ಟಿ ಕೊಡು ಅಂದಾರ. ಮೈ ಹಗುರ ಆಗಬೇಕಂತ."

ಬುಟ್ಟಿಯಿಂದ ಒಂದು ರೊಟ್ಟಿ ತೆಗೆದುಕೊಂಡು ಹೊರಗೆ ಬಂದೆ. ಇಡೀ ಗೋದಾಮು ಕೇಳುವಂತೆ ಕೂಗಿದೆ. "ಇದರ ಅವ್ವ-ಅಪ್ಪ ಊರು ಬಿಟ್ಟು ಉಸುಕು ಹೊರ್ಲತ್ತಿದ್ದು ಈ ರೊಟ್ಟಿ ಸಲುವಾಗಿ. ಬರಗಾಲ ಕಸಗೊಳ್ಳಲಾರದ್ದು ನೀವು ಕಸಗೋತೀರಿ? ನಾಚಿಕಿ ಬರಂಗಿಲ್ಲ?"

ಗುಲ್ನಾರ್ ಬಾಯಿಯ ಮುಖ ಕೆಂಪಾಯಿತು. "ನಾನು ಹಸಿದು ಆಡಿದೆ!" ಎಂದು ಅವಳೂ ಕೂಗಿದಳು. "ಎಲ್ಲರೂ ಹಸಿದು ಆಡ್ತಾರ!"

ನಾನು ಅವಳಿಗೆ ಬೆನ್ನು ತಿರುಗಿಸಿ ರೊಟ್ಟಿಯನ್ನು ಮಾಳಮ್ಮನ ಕೈಯಲ್ಲಿಡಲು ಹೋದೆ. ಮಾಳಮ್ಮ ಹಿಂದೆ ಸರಿದಳು.

"ಬ್ಯಾಡ್ರಿ ಟೀಚರ್. ಭಾರ ಆಗ್ತೇನಿ."

ಗುಲ್ನಾರ್ ಬಾಯಿ ತಾನೇ ಚಿಕ್ಕವಳಿದ್ದಾಗ ಆಡಿದ ಮಾತನ್ನು ಆ ಕೂಸಿನ ಬಾಯಲ್ಲಿ ಕೇಳಿದಳೋ ಏನೋ. ಉಸುಕಿನಲ್ಲಿ ಕುಸಿದು ಕೂತು, ನನ್ನ ಕೈಯ ರೊಟ್ಟಿ ಈಸಿಕೊಂಡು, ಮುರಿದು, ಅರ್ಧ ತಾನು ಬಾಯಿಗಿಟ್ಟುಕೊಂಡಳು. ಅವಳು ಇಡೀ ರೊಟ್ಟಿ ತಿಂದದ್ದನ್ನು ಅಷ್ಟು ದಿನಗಳಲ್ಲಿ ನಾನು ನೋಡಿರಲಿಲ್ಲ ಎಂಬುದು ಆಗ ಹೊಳೆಯಿತು. ನೀರಿನ ಡ್ರಮ್ಮಿನಲ್ಲೂ ಇಣುಕಿದ ನನಗೆ ಅದು ಕಂಡಿರಲಿಲ್ಲ. ಉಳಿದರ್ಧ ಅವಳು ಮಾಳಮ್ಮನ ಮುಂದೆ ಹಿಡಿದಳು. ಬಹಳ ಹೊತ್ತು ಹಿಡಿದೇ ಇದ್ದಳು. ಕಡೆಗೆ ಕೂಸು ತಿಂದಿತು.

ಹೊರಡುವಾಗ ಅಡಿಗೆಮನೆಯ ಕೀಲಿಯ ಜೋಡಿಯಲ್ಲಿ ಒಂದನ್ನು ಬಿಚ್ಚಿ ನನ್ನ ಕೈಗೆ ಕೊಟ್ಟಳು. "ಅಡಿಗಿ ನಿಮ್ದು. ಪೈಪ್ ನಂದು" ಎಂದಳು.

ಬೆಂಗಳೂರಿನಲ್ಲಿ ಮಾಳಮ್ಮ ಗೆದ್ದಳೇ ಎಂದು ನೀವು ಕೇಳುತ್ತೀರಿ. ಇಲ್ಲ. ಕೆಳಗಿನಿಂದ ಎರಡನೆಯವಳಾದಳು. ಆದರೆ ಮೆಟ್ರಿಕ್ ಮುಗಿಸಿದಳು, ಕಾಲೇಜು ಓದಿದಳು, ಭಾಲ್ಕಿಯಲ್ಲಿ ಆಟದ ಟೀಚರಾದಳು. ಗುಲ್ನಾರ್ ಬಾಯಿ ಎರಡು ವರ್ಷದ ಹಿಂದೆ ತೀರಿಕೊಂಡಳು. ಅವಳ ದೇಶ ಇಲ್ಲವಾಗಿದ್ದರಿಂದ ನೌಬಾದದಲ್ಲೇ ಮಣ್ಣು ಮಾಡಿದೆವು. ಕೀಲಿ ನನ್ನ ಬಳಿಯೇ ಉಳಿದಿದೆ, ಆ ಗೋದಾಮು ಮಾತ್ರ ಈಗಿಲ್ಲ.

ಮೊನ್ನೆ ಮಾಳಮ್ಮ ಫೋನು ಮಾಡಿದ್ದಳು. ಭಾಲ್ಕಿಯಲ್ಲಿ ತಾನೂ ಹದಿನೈದು ಹುಡುಗಿಯರನ್ನು ಇಟ್ಟುಕೊಂಡು ಕಲಿಸಲು ಶುರುಮಾಡಿದ್ದಾಳೆ.

"ಟೀಚರ್ರಿ, ಶನಿವಾರ ಬರ್ರಿ. ಬಾಯಿ ಇದ್ದಾಗ ಮಾಡ್ದಂಗ ಶಕ್ ಮಾಡ್ರಿ. ಪೋರಗೋಳಿಗಿ ಹೊಟ್ಟಿ ತುಂಬ ಹಾಕ್ತೇನಿ, ನೋಡ್ರಿ ಬೇಕಾದ್ರ."

"ಅದಿರ್ಲಿ" ಎಂದೆ. "ನೀ ಉಂಡಿ?"

ಫೋನಿನಲ್ಲಿ ಮತ್ತೆ ಅದೇ ಒಂದು ಗಳಿಗೆ.

"ಉಂಡೇನ್ರಿ."

ಇವತ್ತು ಶನಿವಾರ. ನಿನ್ನೆಯ ಹಿಟ್ಟಿನಲ್ಲಿ ರೊಟ್ಟಿ ಬಡಿದು ಬಟ್ಟೆಯಲ್ಲಿ ಸುತ್ತಿದ್ದೇನೆ. ಅಂಗೈ ತಟ್ಟಿದರೆ ಈಗಲೂ ಬಿಳಿ ಪುಡಿ ಏಳುತ್ತಿದೆ. ಮಧ್ಯಾಹ್ನದ ಬಸ್ಸಿಗೆ ಭಾಲ್ಕಿಗೆ ಹೋಗುತ್ತೇನೆ. ಹುಡುಗಿಯರ ತಾಟು ನಾನು ನೋಡುವುದಿಲ್ಲ, ಮಾಳಮ್ಮ ಅವರಿಗೆ ಖಂಡಿತ ಹಾಕಿರುತ್ತಾಳೆ. ಅವಳ ಎದುರಿಗೆ ಕೂತು ಒಂದು ರೊಟ್ಟಿ ಮುರಿದು, ಅರ್ಧ ನಾನು ತಿಂದು, ಉಳಿದರ್ಧ ಹಿಡಿದುಕೊಂಡು ಕೂರುತ್ತೇನೆ.