ಆ ಗೇಮ್ ಹಂಚಿದ್ದು ನಾನು

ಟಿಕ್ ಟಿಕ್ ಟಿಕ್— ಪರದೆಯ ಮೇಲೆ ಅಕ್ಷರಗಳು ಒಂದೊಂದಾಗಿ ಮೂಡುವಾಗ ಬರುತ್ತಿದ್ದ ಆ ಸಣ್ಣ ಸದ್ದು ಈಗಲೂ ಕಿವಿಯಲ್ಲಿದೆ. ಕವಿತಾ, ಆ ಗೇಮನ್ನು ಹೊರಗೆ ಬಿಟ್ಟದ್ದು ದಿನೇಶನಲ್ಲ, ನಾನು. ನೀನು ಕೇಳಿದಾಗ ಸುಳ್ಳು ಹೇಳಿದ್ದೂ ನಾನೇ.

ಪುತ್ತೂರಿನ ನಮ್ಮ ಮನೆಯ ಮಹಡಿಗೆ ನೀನು ಬಾಡಿಗೆಗೆ ಬಂದಾಗ ನಾನು ಇಂಗ್ಲಿಷ್ ಟೀಚರ್ ಕೆಲಸದಿಂದ ರಿಟೈರ್ ಆಗಿದ್ದೆ. ಹಗಲು ನಿನಗೆ ಆಸ್ಪತ್ರೆಯ ಲ್ಯಾಬ್; ಸಂಜೆ ಆ ಹುಚ್ಚು— ಗಲ್ಫಿನಿಂದ ಮಾವ ತಂದುಕೊಟ್ಟಿದ್ದ, ನೀನು ಚಿಕ್ಕಂದಿನಲ್ಲಿ ಆಡಿದ ವಿಡಿಯೋ ಗೇಮ್. ಯಂತ್ರ ಕೆಟ್ಟಿತ್ತು, ಕ್ಯಾಸೆಟ್ ಮಾತ್ರ ಉಳಿದಿತ್ತು. ಅದರೊಳಗಿನದನ್ನು ನೀನು ಕಂಪ್ಯೂಟರಿಗೆ ಇಳಿಸಿ, ಹಳೆಯ ಯಂತ್ರದಂತೆ ನಟಿಸುವ ಎಮ್ಯುಲೇಟರಿನಲ್ಲಿ ಆಡುತ್ತಿದ್ದೆ. ಅಷ್ಟಕ್ಕೇ ನಿಲ್ಲದೆ ನೀನೂ ದಿನೇಶನೂ ಅದರ ಇಂಗ್ಲಿಷ್ ಮಾತುಗಳನ್ನೆಲ್ಲ ನಿಮ್ಮ ಸುಳ್ಯದ ಮನೆಮಾತಾದ ಅರೆಭಾಷೆಗೆ ತಿರುಗಿಸಿದಿರಿ. ಆಟದೊಳಗಿನ ಮುದುಕಿ "ಬಾ, ಗಂಜಿ ಉಟ್ಟು" ಎಂದ ದಿನ ನೀನು ಅತ್ತುಬಿಟ್ಟೆ. ಗಂಜಿ ಇದೆ ಬಾ ಎಂದು ತೀರಿಹೋದ ನಿನ್ನ ಅಜ್ಜಿ ಹಾಗೆಯೇ ಕರೆಯುತ್ತಿದ್ದರಂತೆ.

ಇಂಗ್ಲಿಷಿನ ಅರ್ಥ ಬಿಡಿಸುವುದು ನನ್ನ ಪಾಲು. ಒತ್ತಕ್ಷರಗಳು ಪರದೆಯ ಚೌಕದೊಳಗೆ ಹಿಡಿಯದೆ ದಿನೇಶ ಚುಕ್ಕಿ ಚುಕ್ಕಿಯಾಗಿ ಅಳಿಸಿ ಬರೆಯುತ್ತಿದ್ದ. "ನಿಮ್ಮ ಇಂಗ್ಲಿಷಿಗೆ ಒತ್ತೇ ಇಲ್ಲ, ಪುಣ್ಯವಂತರು ಮಾರಾಯ್ರೆ!" ಎನ್ನುತ್ತಿದ್ದ ನನಗೆ. ನಿಮ್ಮಿಬ್ಬರ ಮದುವೆಯ ಮಾತು ಆಗಲೇ ಎರಡೂ ಮನೆಗಳಲ್ಲಿ ಆಗಿತ್ತು.

ತಪ್ಪು ಹುಡುಕಲೆಂದು ನೀನು ಇಡೀ ಗೇಮನ್ನು ನನ್ನ ಟ್ಯಾಬಿಗೂ ಹಾಕಿಕೊಟ್ಟೆ. "ಯಾರಿಗೂ ಕೊಡ್ಬೇಡಿ ಟೀಚರ್. ನಾವು ಬರೆದ ಮಾತು ಮಾತ್ರ ನಮ್ಮದು, ಗೇಮ್ ಕಂಪೆನಿಯದ್ದು, ನಮ್ಮದಲ್ಲ. ಮಾತಿನ ಫೈಲು, ಪ್ಯಾಚ್ ಅಂತಾರೆ, ಅದು ಮಾತ್ರ ನಾವು ನೆಟ್ಟಿಗೆ ಹಾಕುದು, ಗೇಮ್ ಇದ್ದವರು ಸೇರಿಸಿಕೊಳ್ಳಲಿ." ನನಗೆ ಅರ್ಥವಾಗಿತ್ತು— ಆಗಲಿಲ್ಲ ಎನ್ನುವ ಹಾಗಿಲ್ಲ. ಕಾನ್ವೆಂಟಿನಲ್ಲಿ ಮಾರಲ್ ಸೈನ್ಸಿಗೆ ಪ್ರೈಜ್ ಪಡೆದವಳು ನಾನು.

ನರಿಮೊಗರಿನಲ್ಲಿ ತಂಗಿಯ ಮಗಳ ಸೀಮಂತ. ಊಟವಾದ ಮೇಲೆ ಹೆಮ್ಮೆಯಿಂದ ಟ್ಯಾಬ್ ತೆರೆದೆ. ಸುಳ್ಯದ ಕಡೆಯ ಹೆಂಗಸರು ಮುತ್ತಿಕೊಂಡು ನಕ್ಕದ್ದೇ ನಕ್ಕದ್ದು. "ಎಂತ ದೊಡ್ಡಮ್ಮ, ಹಲಸಿನ ಹಣ್ಣು ಒಬ್ಬರೇ ತಿಂದ್ರೆ ಹೊಟ್ಟೆನೋವು ಬರ್ತದೆ! ನಮಗೂ ಕಳಿಸಿ" ಎಂದಳು ತಂಗಿಯ ಮಗಳು. ಮನೆಗೆ ಬಂದದ್ದನ್ನು ನೆರೆಕರೆಗೆ ಹಂಚದೆ ತಿಂದು ಅಭ್ಯಾಸವಿಲ್ಲ ನಮಗೆ— ಅದಕ್ಕೋ, ಅಥವಾ ಆ ಹೊಗಳಿಕೆಗೋ... ಫ್ಯಾಮಿಲಿ ಗ್ರೂಪಿಗೆ ಇಡೀ ಗೇಮನ್ನೇ ಕಳಿಸಿಬಿಟ್ಟೆ.

ಅದು ಕೈಯಿಂದ ಕೈಗೆ ಹೋಗಿ, ಯಾವುದೋ ಸೈಟಿನಲ್ಲಿ ನಿಮ್ಮಿಬ್ಬರ ಹೆಸರಿನೊಂದಿಗೇ ಫ್ರೀ ಡೌನ್‌ಲೋಡ್ ಆಗಿ ಕುಳಿತಿತು. ನೀವು ಪ್ಯಾಚ್ ಹಾಕಿದ್ದ ಆನ್‌ಲೈನ್ ಫೋರಮ್ಮಿನವರು ನಿಮ್ಮ ಕೆಲಸವನ್ನು ಅಳಿಸಿ, ಕಳ್ಳರೆಂಬಂತೆ ಹೊರಹಾಕಿದರು. ಇಡೀ ಗೇಮ್ ಇದ್ದದ್ದು ನಮ್ಮ ಮೂವರಲ್ಲಿ ಮಾತ್ರ.

ನೀನು ಮೆಟ್ಟಿಲಿಳಿದು ಬಂದೆ. "ಟೀಚರ್, ನೀವು ಯಾರಿಗಾದ್ರೂ ಕೊಟ್ಟಿದ್ರಾ?"

"ಇಲ್ಲ ಮಗಾ."

ಅಷ್ಟು ಸಲೀಸಾಗಿ— ನನಗೇ ಆಶ್ಚರ್ಯ. ಸಂಜೆ ಮಹಡಿಯಿಂದ ದಿನೇಶನ ದನಿ ಕೇಳಿತು. "ನಾನಲ್ಲ ಕವಿತಾ, ದೇವರಾಣೆ ನಾನಲ್ಲ."

"ಹಾಗಾದ್ರೆ ಟೀಚರ್ ಕೊಟ್ರಾ? ಆ ಮುದುಕಿ ಮೇಲೆ ಹಾಕ್ತೀಯಾ, ನಾಚಿಕೆ ಇಲ್ವಾ ನಿನಗೆ?"

ಕೆಳಗೆ ನಾನು ಮಿಕ್ಸಿ ಹಾಕಿದೆ. ರುಬ್ಬಲು ಏನೂ ಇರಲಿಲ್ಲ.

ಮದುವೆಯ ಮಾತು ಮುರಿಯಿತು. ಹೇಳಲು ಆಮೇಲೆ ಎಷ್ಟೋ ದಿನಗಳಿದ್ದವು— ಹೇಳಲಿಲ್ಲ. ಈಗ ಇದನ್ನು ನಿಮ್ಮಿಬ್ಬರಿಗೂ ಕಳಿಸುತ್ತೇನೆ, ಮೊದಲು ಅವನಿಗೆ. ಸಾರಿ ಎಂಬ ಶಬ್ದ ಬರೆದು ಅಳಿಸಿದೆ. ಅಷ್ಟು ಚಿಕ್ಕದನ್ನು ಯಾವ ಮುಖದಿಂದ ಕೊಡಲಿ?

ನಿನ್ನನ್ನು ಕೊನೆಯ ಬಾರಿ ನೋಡಿದ್ದು ನೀನು ರೂಮು ಖಾಲಿ ಮಾಡಿದ ದಿನ. ಗೇಟಿನ ಹೊರಗೆ ರಿಕ್ಷಾ ಕಾಯುತ್ತಿತ್ತು. ನೀನು ಬಗ್ಗಿ ನನ್ನ ಕಾಲು ಮುಟ್ಟಿದೆ. "ನಂಬುದಕ್ಕೆ ನೀವೊಬ್ರು ಉಳಿದ್ರಿ ಟೀಚರ್" ಎಂದೆ. ನಾನು ನಿನ್ನ ತಲೆಯ ಮೇಲೆ ಕೈಯಿಟ್ಟು, "ಗಾಡ್ ಬ್ಲೆಸ್ ಯೂ" ಎಂದೆ.