ಉದ್ಯಾನದಲ್ಲಿ ರಾಚವ್ವನ ಮನೆಯಿದ್ದ ಜಾಗ

ಮೀಠಿ ನದಿಯ ದಂಡೆಯ ಆ ಉದ್ಯಾನದ ಗೇಟಿನ ಪಕ್ಕ ಒಂದು ಕಪ್ಪು ಕಲ್ಲಿನ ಫಲಕವಿದೆ. ‘ಮೊದಲು ಇಲ್ಲಿ ಕಸದ ರಾಶಿಯಿತ್ತು’ ಎಂದು ಮರಾಠಿಯಲ್ಲೂ ಇಂಗ್ಲಿಷಿನಲ್ಲೂ ಕೊರೆದಿದ್ದಾರೆ. ಕಸವಂತೆ ಕಸ! ನಲವತ್ತಮೂರು ಮನೆಗಳಿದ್ದವು ಸ್ವಾಮಿ, ಒಲೆ ಉರಿಯುವ ಮನೆಗಳು. ಬೇರೆ ಯಾರಿಗೆ ಗೊತ್ತಿಲ್ಲದಿದ್ದರೂ ಇಲ್ಲಿನ ತೋಟದ ಮಾಲಿ ಶೆಟ್ಟೆಪ್ಪನಿಗೆ ಗೊತ್ತು. ದಿನಾ ಬೆಳಿಗ್ಗೆ ಆ ಫಲಕವನ್ನು ಒದ್ದೆ ಬಟ್ಟೆಯಿಂದ ಒರೆಸುವವನೇ ಅವನು.

ವಿಜಯಪುರದ ಕಡೆಯಿಂದ ಇಪ್ಪತ್ತರ ಹರೆಯದಲ್ಲಿ ಬಂದವನು ಧಾರಾವಿಯ ಚರ್ಮದ ಕಾರ್ಖಾನೆಯಲ್ಲಿ ದುಡಿದು, ಈ ದಂಡೆಯ ಮೇಲೆ ತಗಡಿನ ಮನೆ ಕಟ್ಟಿಕೊಂಡಿದ್ದ. ಪಕ್ಕದ ಮನೆಯವಳು ರಾಚವ್ವ. ಇಂಡಿ ಕಡೆಯವಳು, ಗಂಡ ಸತ್ತವಳು, ಕಾರ್ಖಾನೆಯವರಿಗೆ ಜೋಳದ ರೊಟ್ಟಿ ತಟ್ಟಿಕೊಟ್ಟು ಬದುಕಿದವಳು. ಅವನನ್ನು ಬಾಯಿತುಂಬ ‘ಯಣ್ಣಾ’ ಎನ್ನುತ್ತಿದ್ದಳು. ಒಡಹುಟ್ಟಿದವರೂ ಅಷ್ಟು ಪ್ರೀತಿಯಿಂದ ಕರೆಯಲಿಕ್ಕಿಲ್ಲ.

ಹನ್ನೆರಡು ವರ್ಷದ ಹಿಂದೆ, ನಾಗರಪಂಚಮಿಗೆಂದು ತವರಿಗೆ ಹೊರಟಾಗ ಮನೆಯ ಕೀಲಿಯನ್ನು ಅವನ ಕೈಗೆ ಕೊಟ್ಟಳು. ದಂಡೆಯಲ್ಲಿ ಉದ್ಯಾನವಾಗುತ್ತದೆ, ಮನೆ ಹೋದವರಿಗೆ ಬಿಲ್ಡಿಂಗಿನಲ್ಲಿ ಖೋಲಿ, ಅಂದರೆ ಒಂದೊಂದು ಕೋಣೆ, ಕೊಡುತ್ತಾರೆ ಎಂಬ ಸುದ್ದಿ ಆಗಲೇ ಹಬ್ಬಿತ್ತು.

“ಸರ್ವೇದವರು ಬಂದ್ರ ಬೀಗ ತಗದು ಬಾಗಲದಾಗ ನಿಂದ್ರು, ಯಣ್ಣಾ. ಕಾಗದಪತ್ರ ಎಲ್ಲಾ ಟ್ರಂಕಿನ್ಯಾಗ ಅದಾವು.”

“ನೀ ಆರಾಮ ಹೋಗಿ ಬಾ. ನಾ ಇಲ್ಲೇನು?” ಎಂದಿದ್ದ ಶೆಟ್ಟೆಪ್ಪ.

ಸರ್ವೆಯವರು ನಾಲ್ಕನೆಯ ದಿನವೇ ಬಂದರು. ಆ ಹೊತ್ತಿಗೆ ಗಲ್ಲಿಯಲ್ಲಿ ಒಂದು ಮಾತು ಓಡಾಡುತ್ತಿತ್ತು: ಒಬ್ಬನೇ ಎರಡು ಬಾಗಿಲು ತೆರೆದರೆ ಎರಡು ಮನೆ ಹೊಡೆಯುವ ಕಳ್ಳ ಎಂದು ಎರಡೂ ಹೆಸರು ಹೊಡೆದುಹಾಕುತ್ತಾರಂತೆ. ಯಾರು ಹೇಳಿದ್ದು? ಯಾರಿಗೂ ಗೊತ್ತಿಲ್ಲ. ನಲ್ಲಿಯ ಸಾಲಿನಲ್ಲಿ ಹುಟ್ಟಿದ ಮಾತು ಅದು. ಆದರೆ ಹೆದರಿದವನಿಗೆ ಹಗ್ಗವೂ ಹಾವು. “ಈ ಮನೆ ಯಾರದು?” ಎಂದು ಸರ್ವೆಯವನು ಹಿಂದಿಯಲ್ಲಿ ಕೇಳಿದಾಗ ಶೆಟ್ಟೆಪ್ಪ ಕಿಸೆಯಲ್ಲಿದ್ದ ಕೀಲಿಯನ್ನು ಬಿಗಿಯಾಗಿ ಹಿಡಿದುಕೊಂಡು “ಮಾಲೂಮ್ ನಹೀ ಸಾಬ್” ಎಂದುಬಿಟ್ಟ. ಬಾಗಿಲ ಮೇಲೆ ಸೀಮೆಸುಣ್ಣದಲ್ಲಿ ‘ಬಂದ್’ ಎಂದು ಬರೆದು ಅವರು ಮುಂದಕ್ಕೆ ಹೋದರು. ಬೀಗ ಬಿದ್ದ ಮನೆ ಖೋಲಿಯ ಪಟ್ಟಿಗೆ ಸೇರಲಿಲ್ಲ.

ಎರಡು ದಿನ ಬಿಟ್ಟು ಬಂದ ರಾಚವ್ವನಿಗೆ, “ನಾ ಕೆಲಸಕ್ಕ ಹೋಗಿದ್ದೆ ತಂಗೀ, ಬರೋದ್ರಾಗ ಅವರು ಹೋಗಿಬಿಟ್ಟಿದ್ರು” ಎಂದ. ಅವಳು ನಂಬಿದಳು. ನಂಬದೆ ಏನು ಮಾಡಿಯಾಳು?

ಶೆಟ್ಟೆಪ್ಪನಿಗೆ ಬಿಲ್ಡಿಂಗಿನ ಆರನೆಯ ಮಾಳಿಗೆಯಲ್ಲಿ ಖೋಲಿ ಸಿಕ್ಕಿತು. ರಾಚವ್ವ ಧಾರಾವಿಯಲ್ಲಿ ಯಾರದೋ ಅಟ್ಟ ಬಾಡಿಗೆಗೆ ಹಿಡಿದಳು. ದಂಡೆಗೆ ಜೆಸಿಬಿ ಬಂತು, ಕಲ್ಲಿನ ಗೋಡೆ ಎದ್ದಿತು, ಬಿದಿರಿನ ಸಾಲು, ನಡೆಯುವ ದಾರಿ, ವ್ಯಾಯಾಮದ ನಾಲ್ಕು ಯಂತ್ರ ಬಂದವು. ಶೆಟ್ಟೆಪ್ಪ ಕಾರ್ಖಾನೆ ಬಿಟ್ಟು ಅಲ್ಲೇ ಮಾಲಿಯಾಗಿ ಸೇರಿಕೊಂಡ. ಹಳೆಯ ಗಲ್ಲಿಯದೆಂದು ಉಳಿದದ್ದು ಒಂದು ಅರಳಿಮರ ಮಾತ್ರ. ಅದರಡಿಯ ಬೆಂಚಿನ ಜಾಗದಲ್ಲೇ ರಾಚವ್ವನ ಒಲೆಯಿತ್ತು. ಉದ್ಯಾನ ತೆರೆದಂದಿನಿಂದ ಅವಳು ದಿನಾ ಸಂಜೆ ಅಲ್ಲಿ ಬಂದು ಕೂರುತ್ತಾಳೆ. ಬರುವಾಗ ಶೆಟ್ಟೆಪ್ಪನಿಗೆಂದು ಎರಡು ರೊಟ್ಟಿ, ಶೇಂಗಾ ಚಟ್ನಿ ಕಟ್ಟಿಕೊಂಡು ಬರುತ್ತಾಳೆ. ಆ ರೊಟ್ಟಿ ತಿನ್ನುವ ಮುಖವೆಲ್ಲಿದೆ ಅವನಿಗೆ? ಆದರೂ ತಿನ್ನುತ್ತಾನೆ. ಬೇಡ ಎಂದರೆ ಯಾಕೆ ಎಂದು ಕೇಳುತ್ತಾಳಲ್ಲ! ಹೇಳಿಬಿಡಬೇಕು ಎಂದು ಅವನು ನೂರು ಸಲ ಬಾಯಿ ತೆರೆದಿದ್ದಾನೆ. ನೂರು ಸಲವೂ ಗಿಡಕ್ಕೆ ನೀರು ಬಿಡುವ ನೆಪ ಮಾಡಿ ಎದ್ದುಹೋಗಿದ್ದಾನೆ.

ಮನೆ ಹೋದ ಮೇಲೆ ರಾಚವ್ವ ಊರಿನ ಕಡೆ ಕಾಲಿಟ್ಟಿಲ್ಲ. ಯಾಕೆಂದು ಕೇಳಿದರೆ ಮಾತು ತಿರುಗಿಸುತ್ತಾಳೆ. ಈ ಸಲ ಪಂಚಮಿಗೆ, “ಅಟ್ಟದಾಗ ಮಾಲೀಕ ಪೂಜಿ ಮಾಡಗೊಡವಲ್ಲ. ಇಲ್ಲೇ ಗಿಡದ ಬುಡಕ ಹಾಲ ಎರೀಲೇನು, ಯಣ್ಣಾ?” ಎಂದಳು. ಉದ್ಯಾನದಲ್ಲಿ ಪೂಜೆ ಮಾಡುವಂತಿಲ್ಲ. ಆದರೂ ಶೆಟ್ಟೆಪ್ಪ ವಾಕಿಂಗಿನವರು ಬರುವ ಮೊದಲೇ ಗೇಟು ತೆರೆದು ಅವಳನ್ನು ಒಳಗೆ ಬಿಟ್ಟ. ಕುಂಡದ ಮಣ್ಣು ಕಲೆಸಿ ಕೊಟ್ಟ. ಅವಳು ಪುಟ್ಟ ನಾಗಪ್ಪನನ್ನು ಮಾಡಿ ಅರಳಿಮರದ ಬುಡದಲ್ಲಿಟ್ಟು, ಊರಿನ ರೂಢಿಯಂತೆ ಒಬ್ಬೊಬ್ಬರ ಹೆಸರು ಹೇಳಿ ಹಾಲೆರೆದಳು.

“ದೇವರ ಪಾಲು. ಅಪ್ಪನ ಪಾಲು. ಅವ್ವನ ಪಾಲು.” ತಂಬಿಗೆಯಲ್ಲಿ ಉಳಿದದ್ದನ್ನೆಲ್ಲ ಬಗ್ಗಿಸಿದಳು. “ನಮ್ಮ ಶೆಟ್ಟೆಪ್ಪಣ್ಣನ ಪಾಲು.”

ಶೆಟ್ಟೆಪ್ಪ ಅವಳೆದುರು ನೆಲಕ್ಕೆ ಕೂತ.

“ನನ್ನ ಹೆಸರು ತಗೀಬ್ಯಾಡವ್ವಾ, ತಗೀಬ್ಯಾಡ! ಅವತ್ತು ನಾ ಕೆಲಸಕ್ಕ ಹೋಗಿರಲಿಲ್ಲ. ನಿನ್ನ ಬಾಗಲದ ಮುಂದನ ನಿಂತಿದ್ದೆ. ಮನಿ ಯಾರದು ಅಂದ್ರ ಗೊತ್ತಿಲ್ಲ ಅಂದೆ. ನನ್ನ ಮನಿ ಹೋದೀತು ಅಂತ ಅಂಜಿದೆ.”

ರಾಚವ್ವ ತಂಬಿಗೆಯನ್ನು ಕೆಳಗಿಟ್ಟಳು.

“ಕೀಲಿ ಎಲ್ಲಿತ್ತು?”

“ಕಿಸೇದಾಗಿತ್ತು.”

ಬೈಯಲಿ, ಮಣ್ಣು ತೂರಲಿ ಎಂದು ಶೆಟ್ಟೆಪ್ಪ ತಲೆ ತಗ್ಗಿಸಿದ. ಹೊಡೆದಿದ್ದರೂ ಹಗುರಾಗುತ್ತಿದ್ದ. ಅವಳ ದನಿ ಮಾತ್ರ ಮೇಲೇಳಲಿಲ್ಲ.

“ನಾ ಹಬ್ಬದ ಮರುದಿನಾನ ಬರಾಕಿ ಇದ್ದೆ. ಜೋಕಾಲಿ ಕಟ್ಟೀನಿ, ಇನ್ನ ನಾಕ ದಿನ ಇರಕ್ಕಾ ಅಂತ ನನ್ನ ತಮ್ಮ ಗುರುಪಾದ ಸೆರಗ ಹಿಡದು ನಿಂದರಿಸಿದ. ನಿನ್ನಿಂದ ನನ್ನ ಮನಿ ಹೋತು ಅಂತ ಅವಗ ಫೋನಿನ್ಯಾಗ ಶಾಪ ಹಾಕಿ ಮಾತು ಬಿಟ್ಟೆ. ಹನ್ನೊಂದು ವರ್ಷ. ಹೋದ ವರ್ಷ ಸತ್ತ. ಮಣ್ಣಿಗೂ ಹೋಗಲಿಲ್ಲ ನಾ.” ಖಾಲಿ ತಂಬಿಗೆಯನ್ನು ನೋಡಿದಳು. “ಅವನ ಪಾಲಿನ ಹಾಲು ಈಗ ನಿನಗ ಎರದೆ.”

ಅವಳ ಒಂದು ಖೋಲಿಯನ್ನಷ್ಟೇ ಕಳೆದೆ ಎಂದುಕೊಂಡು ಹನ್ನೆರಡು ವರ್ಷ ಕೊರಗಿದ್ದ ಶೆಟ್ಟೆಪ್ಪ; ಕಳೆದದ್ದು ಅವಳ ತಮ್ಮನನ್ನೂ.

“ಏಳು. ಹಾಲು ತಗೊಂಡು ಬಾ” ಎಂದಳು ರಾಚವ್ವ.

ಅವನು ಚಪ್ಪಲಿಯನ್ನೂ ಮೆಟ್ಟದೆ ರಸ್ತೆಯಾಚೆಯ ಡೇರಿಗೆ ಓಡಿದ. ಅರ್ಧ ಲೀಟರಿನ ಚೀಲ ತಂದು, ಹಲ್ಲಿನಿಂದ ಕಚ್ಚಿ ಹರಿದು, ತಂಬಿಗೆಗೆ ಸುರಿದುಕೊಟ್ಟ. ರಾಚವ್ವ “ನನ್ನ ತಮ್ಮ ಗುರುಪಾದನ ಪಾಲು” ಎಂದು ಎರೆಯತೊಡಗಿದಳು. ಒಂದು ಹನಿಯೂ ಉಳಿಯದಂತೆ ಎರೆದಳು. ಆಮೇಲೆ ಬೇರೆ ಯಾರ ಹೆಸರನ್ನೂ ಹೇಳಲಿಲ್ಲ. ಶೆಟ್ಟೆಪ್ಪ ತನ್ನ ಪಾಲು ಕೇಳಲೂ ಇಲ್ಲ.