ಅತ್ತೆ ಹೆಣೆದ ಜಡೆ

ತಳಕಲ್ಲಿನ ನನ್ನ ತವರಿನಲ್ಲಿ ಅವ್ವ ತಲೆ ಬಾಚಿದಾಗ ಉದುರಿದ ಕೂದಲನ್ನು ಉಂಡೆ ಮಾಡಿ ಗೋಡೆಯ ಸಂದಿಗೆ ಸಿಕ್ಕಿಸುತ್ತಿದ್ದಳು. ಆಗಾಗ ಬರುವ ಹೆಂಗಸೊಬ್ಬಳು ಅದನ್ನು ಒಯ್ದು ಬದಲಿಗೆ ಪಿನ್ನು, ಸೂಜಿ, ಒಮ್ಮೊಮ್ಮೆ ಸ್ಟೀಲಿನ ಬಟ್ಟಲು ಕೊಡುತ್ತಿದ್ದಳು. ಆ ಕೂದಲು ಎಲ್ಲಿಗೆ ಹೋಗುತ್ತದೆಂದು ನಾವು ಯಾರೂ ಕೇಳಲಿಲ್ಲ.

ಕೊಪ್ಪಳದ ಪಕ್ಕದ ಭಾಗ್ಯನಗರಕ್ಕೆ ಸೊಸೆಯಾಗಿ ಬಂದ ಮೇಲೆ ಗೊತ್ತಾಯಿತು. ಇಲ್ಲಿ ಕೂದಲಿನದೇ ಕೆಲಸ. ಅತ್ತೆ ದಿನವೂ ಪಡಸಾಲೆಯಲ್ಲಿ ಕಾಲು ಚಾಚಿ ಕೂತು, ಸಿಕ್ಕುಗಟ್ಟಿದ ಕೂದಲನ್ನು ದಬ್ಬಣದಿಂದ ಬಿಡಿಸಿ, ಉದ್ದ ನೋಡಿ ಕಟ್ಟು ಕಟ್ಟುತ್ತಿದ್ದರು. ಅಂಗನವಾಡಿ ಮುಗಿಸಿ ಬಂದು ನಾನೂ ಜೊತೆಗೆ ಕೂರುತ್ತಿದ್ದೆ. ಇದು ಚೀನಾಕ್ಕೆ ಹೋಗಿ, ಅಲ್ಲಿ ವಿಗ್ ಆಗಿ, ಮತ್ತೆಲ್ಲೆಲ್ಲಿಗೋ ಹೋಗುತ್ತದೆ ಎಂದರೆ ಅತ್ತೆ ನಂಬುತ್ತಿರಲಿಲ್ಲ.

ಹೋದ ಚಳಿಗಾಲದಲ್ಲಿ, ನಮಗೆ ಕೂದಲು ಕೊಡುವ ಕಾರ್ಖಾನೆಯ ಮಾಲೀಕರು ಚೀನಾದಿಂದ ಕೂದಲು ಕೊಳ್ಳಲು ಬಂದ ಹೆಂಗಸನ್ನೂ ಹಿಂದಿ ಬಲ್ಲ ಆಕೆಯ ದುಭಾಷಿಯನ್ನೂ ನಮ್ಮ ಮನೆಗೇ ಕರೆತಂದರು. ಕುರ್ಚಿ ಹಾಕಿದರೂ ಆಕೆ ಅತ್ತೆಯ ಪಕ್ಕ ನೆಲಕ್ಕೇ ಕೂತು ಒಂದು ಸಿಕ್ಕು ಬಿಡಿಸತೊಡಗಿದಳು. ಪಳಗಿದ ಬೆರಳು. ಅವಳ ಅಜ್ಜಿಯೂ ಇದೇ ಕೆಲಸ ಮಾಡುತ್ತಿದ್ದಳಂತೆ.

"ಮಂದಿ ಕೂದ್ಲಾ ಯಾರು ಹಾಕ್ಕೊಂತಾರ, ಕೇಳವಾ," ಎಂದರು ಅತ್ತೆ ನನಗೆ.

ನಾನು ಹಿಂದಿಯಲ್ಲಿ ಕೇಳಿದೆ. ದುಭಾಷಿ ಅದನ್ನು ದಾಟಿಸಿದಾಗ ಆಕೆ ಕೈಯಲ್ಲಿದ್ದ ಸಿಕ್ಕನ್ನು ಕೆಳಗಿಟ್ಟಳು. ಮಾಲೀಕರು ಫೋನ್ ಬಂತೆಂದು ಹೊರಗೆ ಹೋಗಿದ್ದರು. ಆಕೆ ಕಿವಿಯ ಹಿಂದೆ ಕೈ ಹಾಕಿ ತನ್ನ ತಲೆಯ ಕೂದಲನ್ನೇ ಕಳಚಿ ತೊಡೆಯ ಮೇಲಿಟ್ಟುಕೊಂಡಳು. ನೆತ್ತಿಯ ಮೇಲೆ ಎಣಿಸಿದಂತೆ ನಾಲ್ಕು ಎಳೆ. ಹೆರಿಗೆಯ ನಂತರ ಉದುರಿದ್ದು ಮತ್ತೆ ಬರಲಿಲ್ಲವಂತೆ.

ಎಲ್ಲಿ ನೋಡಬೇಕೆಂದು ನನಗೆ ತಿಳಿಯಲಿಲ್ಲ. ಅತ್ತೆ ಅವಳ ಬೆನ್ನ ಮೇಲೆ ಕೈಯಿಟ್ಟರು.

"ನನಗೂ ಎರಡನೇ ಬಾಣಂತನದಾಗ ಹಿಂಗ ಉದುರಿತ್ತು, ತಂಗಿ. ನಾಚ್ಕೋಬ್ಯಾಡ."

ದುಭಾಷಿಗೆ ನಾನು ಹಿಂದಿಯಲ್ಲಿ ಹೇಳಿ ಮುಗಿಸುವಷ್ಟರಲ್ಲಿ ಅತ್ತೆ ಆ ವಿಗ್ಗನ್ನು ಮಡಿಲಿಗೆ ತೆಗೆದುಕೊಂಡಿದ್ದರು. ಬಾಚಿ, ಬಿಗಿಯಾಗಿ ಜಡೆ ಹೆಣೆದು, ತಾವೇ ಅವಳ ತಲೆಗೆ ಇಟ್ಟರು. ಆಕೆ ಕನ್ನಡಿ ನೋಡಿಕೊಂಡು ನಕ್ಕಳು. ಆಮೇಲೆ ಗರಿಗರಿಯಾದ ಕಟಕ ರೊಟ್ಟಿ, ಶೇಂಗಾ ಚಟ್ನಿ ತಿಂದು, ಖಾರಕ್ಕೆ ಕಣ್ಣೊರೆಸಿಕೊಳ್ಳುತ್ತಲೇ ಇನ್ನೊಂದು ರೊಟ್ಟಿ ಕೇಳಿದಳು.

ಎರಡು ತಿಂಗಳಾದ ಮೇಲೆ ದುಭಾಷಿ ನನ್ನ ಫೋನಿಗೆ ಒಂದು ಫೋಟೊ ಕಳಿಸಿದರು. ಆಕೆ ಮಗಳ ಜೊತೆ ನಿಂತಿದ್ದಳು; ಇಬ್ಬರಿಗೂ ಜಡೆ. ಅತ್ತೆ ಮೂಗಿನ ಮೇಲೆ ಚಾಳೀಸು ಏರಿಸಿಕೊಂಡು ಬಹಳ ಹೊತ್ತು ನೋಡಿದರು. ಕೂಸಿನ ಬೈತಲೆ ಸೊಟ್ಟ ಆಗಿದೆ, ತಾಯಿಗೆ ಅಷ್ಟೂ ಬರುವುದಿಲ್ಲವೇ ಎಂದು ಗೊಣಗಿದರು. ಆಮೇಲೆ, "ನಂದೂ ಒಂದ್ ಫೋಟೊ ಕಳಸು," ಎಂದು ಎದ್ದು ಒಳಗೆ ಹೋಗಿ, ಇಳಕಲ್ ಸೀರೆ ಉಟ್ಟು ಬಂದು ಬಾಗಿಲಲ್ಲಿ ನಿಂತರು.